ಬಾಗಿಲಿಗಿಟ್ಟ ಗುಂಡು

ಮಾರ್ಚ್ 3, ಬೆಳಿಗ್ಗೆ 9

ಬೀಗ ತೆಗೆದೆ. ಕಬ್ಬಿಣದ ಗುಂಡು ಸರಿಸಿ ಬಾಗಿಲಿಗೆ ಒತ್ತುಕೊಟ್ಟೆ. ಟಿಕೆಟ್ ಕಿಟಕಿ, ಗಂಟೆ, ಲಾಂದ್ರಗಳು — ಧೂಳು ಒರೆಸಿದೆ. ನೋಡಲು ಬಂದವರು ಸೊನ್ನೆ. ಬೆಕ್ಕನ್ನು ಸೇರಿಸಿದರೆ ಒಂದು.

ಇಪ್ಪತ್ತನೇ ತಾರೀಕಿಗೆ ನಮ್ಮ ರೈಲ್ವೆ ಮ್ಯೂಸಿಯಂಗೆ ಮೂವತ್ತು ವರ್ಷ. ಅದರ ಚರಿತ್ರೆಯ ಬೋರ್ಡ್ ಬೇಕಂತೆ, ನಾನೇ ಬರೆಯಬೇಕಂತೆ. ಅಪ್ಪನ ಅಪ್ಪಣೆ. ಪಾರ್ಶ್ವವಾಯು ಬಲಗೈ ಕಿತ್ತುಕೊಂಡಿತು, ಸ್ಟೇಷನ್ ಮಾಸ್ಟರ್ ಗತ್ತು ಹಾಗೇ ಇದೆ.

"ಗುಂಡಿಗೆ ಬಣ್ಣ ಹೊಡಿ. ಕೆರೀಬೇಡ, ಮೇಲೇ ಹೊಡಿ."

ಪ್ರತಿ ವರ್ಷ ತಾನೇ ಹೊಡೆಯುತ್ತಿದ್ದ, ಯಾರನ್ನೂ ಮುಟ್ಟಗೊಡುತ್ತಿರಲಿಲ್ಲ. ಪಾರ್ಸಲ್ ತಕ್ಕಡಿಯ ಗುಂಡಂತೆ. ಏನು ಪ್ರೀತಿಯೋ!

ಮಾರ್ಚ್ 6

ಚರಿತ್ರೆ ಅರ್ಧ ಆಯಿತು. ಎರಡು ರೈಲು ಡಿಕ್ಕಿ, ಒಂಬತ್ತು ಸಾವು. ಆಮೇಲೆ ಲೈನ್ ಮುಚ್ಚಿದರು. ಎಲ್ಲರೂ ಕೀಲಿ ಒಪ್ಪಿಸಿ ಹೋದರು, ಅಪ್ಪ ಒಪ್ಪಿಸಲಿಲ್ಲ. ಎರಡು ವರ್ಷ ಮೇಲಿನವರ ಕೈಕಾಲು ಹಿಡಿದು ಖಾಲಿ ಸ್ಟೇಷನ್ನನ್ನೇ ಮ್ಯೂಸಿಯಂ ಮಾಡಿದ. ಹೆಮ್ಮೆಯಿಂದ ಬರೆದೆ.

ಡಿಕ್ಕಿಯ ಕಾರಣ ಎಲ್ಲರಿಗೂ ಗೊತ್ತು. ಇದ್ದದ್ದು ಒಂದೇ ಹಳಿ. ಮಾಸ್ಟರ್ ಮೆಷೀನಿನಿಂದ ಟೋಕನ್ ತೆಗೆದು ಡ್ರೈವರ್ ಕೈಗೆ ಕೊಡಬೇಕು, ಮುಂದೆ ಹಳಿ ಖಾಲಿ ಇದೆ ಅನ್ನೋದಕ್ಕೆ ಅದೇ ಗ್ಯಾರಂಟಿ. ಎದುರಿಂದ ರೈಲು ಬರುತ್ತಿದ್ದರೆ ಮೆಷೀನು ಟೋಕನ್ ಬಿಡುವುದೇ ಇಲ್ಲ. ಅವತ್ತು ಗೂಡ್ಸ್ ಡ್ರೈವರ್ ಟೋಕನ್ ಇಲ್ಲದೆ ಹೊರಟ. ಎಂಜಿನ್ನಲ್ಲಿ ಹುಡುಕಿದರು, ಸಿಗಲಿಲ್ಲ. ತನಿಖೆ ಮುಗಿಯಿತು. ಮೆಷೀನಿಗೆ ಅವರು ಹಾಕಿದ ಸೀಲ್ ಇನ್ನೂ ಇದೆ.

ಮಾರ್ಚ್ 9, ಮಧ್ಯಾಹ್ನ 3

ಒಬ್ಬಾಕೆ ಬಂದರು. ಸ್ಕೂಲ್ ಟೀಚರ್. ಎಲ್ಲ ಬಿಟ್ಟು ಮೇಜಿನ ಮೇಲಿದ್ದ ನನ್ನ ಕರಡನ್ನೇ ಓದುತ್ತಾ ನಿಂತರು.

"ಡ್ರೈವರನ ಬೇಜವಾಬ್ದಾರಿ ಅಂತ ಬರ್ದಿದೀರಲ್ಲ... ಅವರು ನಮ್ಮಪ್ಪ."

ಕರಡಿನ ಮೇಲೆ ಕೈ ಇಟ್ಟು ಮುಚ್ಚಿದೆ.

"ಆ ಒಂದು ಸಾಲು ಬಿಟ್ಬಿಡಿ ಮೇಡಂ. ಟೋಕನ್ ಕೈಗೆ ಬರ್ದೆ ಅವರು ಎಂಜಿನ್ ಕದಲಿಸ್ತಾನೇ ಇರ್ಲಿಲ್ಲ ಅಂತ ನಮ್ಮಮ್ಮ ಈಗ್ಲೂ ಹೇಳ್ತಾರೆ. ಬೇರೇನೂ ಕೇಳಲ್ಲ."

ನೋಡೋಣ ಅಂದೆ. ಅಪ್ಪನಿಗೆ ಹೇಳಿದೆ. ಅವನು ಕೇಳಿದ್ದು ಒಂದೇ ಮಾತು — "ಗುಂಡಿಗೆ ಬಣ್ಣ ಹೊಡೆದ್ಯಾ?"

ಮಾರ್ಚ್ 13

ಕೆರೆಯಬೇಡ ಅಂದರೆ ಕೆರೆಯೋದು ನನ್ನ ಹುಟ್ಟುಗುಣ. ಹಳೇ ಚಾಕು ಹಿಡಿದು ಕೂತೆ. ಹಸಿರು. ಅದರಡಿ ಕಪ್ಪು. ಅದರಡಿ ಕೆಂಪು. ಈರುಳ್ಳಿ ಸುಲಿದ ಹಾಗೆ. ಗುಂಡು ಕಿರಿದಾಗುತ್ತಾ ಬಂತು. ಕೊನೆಗೆ ಬರೀ ಕಬ್ಬಿಣ, ಅದರ ಮೇಲೆ ಕೊರೆದ ಅಕ್ಷರ — ನಮ್ಮ ಸ್ಟೇಷನ್ ಹೆಸರು, ಮುಂದಿನ ಸ್ಟೇಷನ್ ಹೆಸರು, 17.

ತಕ್ಕಡಿ ಗುಂಡಿಗೆ ಸ್ಟೇಷನ್ ಹೆಸರು ಯಾಕೆ?

ಮಾರ್ಚ್ 14

ಸೀಲ್ ಒಡೆದೆ. ಮೆಷೀನಿನೊಳಗೆ ಅಂಥವೇ ಕಬ್ಬಿಣದ ಗುಂಡುಗಳು. ಅವೇ ಟೋಕನ್. ಟೋಕನ್ ಲೆಕ್ಕದ ಪುಸ್ತಕದಲ್ಲಿ ಅಪ್ಪನ ದುಂಡು ಅಕ್ಷರ: ಇಪ್ಪತ್ನಾಲ್ಕು, ಎಲ್ಲ ಒಳಗೆ. ಎಣಿಸಿದೆ. ಇಪ್ಪತ್ಮೂರು. ಮತ್ತೆ ಎಣಿಸಿದೆ... ಹದಿನೇಳನೆಯದು ಇಲ್ಲ. ತನಿಖೆಯವರು ಪುಸ್ತಕ ಓದಿ ಸೀಲ್ ಹಾಕಿ ಹೋಗಿದ್ದಾರೆ. ಒಬ್ಬನೂ ತೆರೆದು ನೋಡಿಲ್ಲ.

ಮಾರ್ಚ್ 18

ಇವತ್ತು ಗುಂಡು ತಂದು ಅವನ ತೊಡೆಯ ಮೇಲಿಟ್ಟೆ. ಎಡಗೈಯಲ್ಲಿ ಮುಚ್ಚಿಕೊಂಡ.

"ಮೆಷೀನ್ ಆಗಾಗ ಕಚ್ಕೊಂಡುಬಿಡ್ತಿತ್ತು. ರೈಲು ಲೇಟಾದ್ರೆ ನಂಗೆ ಮೆಮೋ. ಅದಕ್ಕೇ ಒಂದನ್ನ ಡ್ರಾಯರಲ್ಲಿ ಇಟ್ಕೊಂಡಿರ್ತಿದ್ದೆ. ಅವತ್ತು ಆಗಷ್ಟೇ ಡ್ಯೂಟಿಗೆ ಬಂದಿದ್ದೆ, ಎದುರಿಂದ ರೈಲು ಬಿಟ್ಟಿದಾರೆ ಅಂತ ಪುಸ್ತಕದಲ್ಲಿತ್ತು, ನೋಡ್ಲಿಲ್ಲ. ಮೆಷೀನ್ ಕೊಡ್ಲಿಲ್ಲ. ಕಚ್ಕೊಂಡಿದೆ ಅಂದ್ಕೊಂಡೆ... ಅದು ಸರಿಯಾಗೇ ಇತ್ತು."

"ಡ್ರಾಯರಲ್ಲಿದ್ದದ್ದನ್ನ ನೀನು ಕೊಟ್ಟೆ," ಅಂದೆ ನಾನು.

"ಹಳಿ ಖಾಲಿ ಇದ್ಯಾ ಸಾರ್ ಅಂದ ಡ್ರೈವರ್. ಹೋಗಯ್ಯಾ ಅಂದೆ. ಡಿಕ್ಕಿ ಸದ್ದು ಕೇಳಿ ಮೊದಲು ಓಡಿದ್ದೂ ನಾನೇ. ಗುಂಡನ್ನ ಗಟ್ಟಿಯಾಗಿ ಹಿಡ್ಕೊಂಡಿದ್ದ. ಒಂದೊಂದೇ ಬೆರಳು ಬಿಡಿಸ್ದೆ."

"ಅಷ್ಟೊತ್ತಿಗೆ ಹೋಗ್ಬಿಟ್ಟಿದ್ರಾ?"

ಅಪ್ಪ ಕಿಟಕಿ ಕಡೆ ತಿರುಗಿದ. "ನನ್ನನ್ನೇ ನೋಡ್ತಿದ್ದ."

ಅಪ್ಪನನ್ನು ಕಂಡರೆ ಹೇಸಿಗೆ. ಆದರೂ ಹೊತ್ತಿಗೆ ಸರಿಯಾಗಿ ತುತ್ತು ತಿನ್ನಿಸಿದೆ, ಬಾಯಿ ಒರೆಸಿದೆ.

ಮಾರ್ಚ್ 20, ಬೆಳಿಗ್ಗೆ 9.40

ಬೋರ್ಡಿಗೆ ಬಟ್ಟೆ ಹೊದಿಸಿದೆ. ಡ್ರೈವರನ ಸಾಲು ತೆಗೆಸಿದ್ದೇನೆ. ಟೀಚರ್ ಕೇಳಿದ್ದು ಅಷ್ಟೇ. ಅಪ್ಪನಿಗೂ ಅಷ್ಟೇ ಸಾಕು. ನನಗೂ ಸಾಕು ಅಂದುಕೊಂಡೇ ಎದ್ದೆ. ಬೆಳಿಗ್ಗೆಯಿಂದ ಬಾಗಿಲು ಬಡಿದುಕೊಳ್ಳುತ್ತಿದೆ. ಇಟ್ಟಿಗೆ ಕೊಟ್ಟೆ, ನಿಲ್ಲುತ್ತಿಲ್ಲ.

ಅಪ್ಪ ಗಾಲಿಕುರ್ಚಿಯಲ್ಲಿ, ಹಳೇ ಯೂನಿಫಾರಂ ಕೋಟು. "ಗುಂಡೆಲ್ಲಿ? ಬಾಗಿಲಿಗೆ ಇಡು. ಇಡೇ..." ಆ ದನಿಯಲ್ಲಿ ಹೆದರಿಕೆ ಕೇಳಿದ್ದು ಇದೇ ಮೊದಲು.

ಗುಂಡು ನನ್ನ ಮಡಿಲಲ್ಲಿದೆ. ಕಿಟಕಿಯಿಂದ ಕಾಣುತ್ತಿದೆ — ಟೀಚರ್ ಗೇಟು ದಾಟಿದರು. ಎದೆಗೆ ಅವಚಿಕೊಂಡು ಒಂದು ಫೋಟೋ, ಅವರಪ್ಪನದೇ ಇರಬೇಕು. ಬೋರ್ಡ್ ನೋಡಿದ ಮೇಲೆ, ಸಾಲು ತೆಗೆಸಿದ್ದಕ್ಕೆ ನನಗೆ ಕೈ ಮುಗಿಯುತ್ತಾರೆ. ನಾನು ಅದನ್ನೂ ತಗೊಳ್ಳೋದಾ? ಆಗಲ್ಲ. ಹೇಗೆ ಶುರು ಮಾಡಲಿ? ಬರೆದುಕೊಂಡು ಹೋದರೆ ನಾಲಗೆ ತೊದಲದು...

ಟೀಚರ್, ಅವತ್ತು ನಿಮ್ಮಪ್ಪನ ಕೈಯಲ್ಲಿ—