ಬಲೆಯದೇ ತಪ್ಪಂತೆ

ಮಾರ್ಚ್ ೧೪, ಗುರುವಾರ

ಸಿಟ್ಟು ಇನ್ನೂ ಇಳಿದಿಲ್ಲ. ವಿದೇಶಿ ಹಡಗು ನಮ್ಮ ಕಡಲಲ್ಲಿ ಹಾದುಹೋಗಬಹುದು, ನಿಲ್ಲುವಂತಿಲ್ಲ. ಇವತ್ತೊಂದು ನಿಂತೇಬಿಟ್ಟಿತು. ನಮ್ಮ ಕರಾವಳಿ ಕಾವಲು ಕಚೇರಿಯ ರೇಡಿಯೋದಲ್ಲಿ ಗದರಿಸಿದೆ.

"ಪ್ರೊಪೆಲ್ಲರಿಗೆ ಯಾರದೋ ಬಲೆ ಸುತ್ತಿಕೊಂಡಿದೆ ಮೇಡಂ," ಅಂದ ಕ್ಯಾಪ್ಟನ್. ಕೆಟ್ಟು ನಿಂತರೆ ಕಾನೂನು ಮಾಫಿ ಮಾಡುತ್ತದೆ. ಬಲೆ ಕತ್ತರಿಸಿ ಬಿಸಾಕಿ, ರಾಜನ ಹಾಗೆ ಹೊರಟುಹೋದ.

ಸಾಹೇಬರು, "ದಾರೀಲಿ ಬಲೆ ಹಾಕಿದೋನು ಯಾರು ಅಂತ ಹುಡುಕಿ ನೋಟಿಸ್ ಕೊಡಿ," ಅಂದರು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ! ಹಲ್ಲು ಕಚ್ಚಿಕೊಂಡು ಟೈಪ್ ಮಾಡಿದೆ.

ಮನೆಗೆ ಬಂದರೆ ಅಣ್ಣ ಹಳೇ ಬಲೆ ಹರವಿಕೊಂಡು ಹೊಲಿಯುತ್ತಿದ್ದ. "ಹೊಸದನ್ನ ಯಾವುದೋ ಹಡಗು ಎಳ್ಕೊಂಡು ಹೋಯ್ತು ಕಣೇ. ಅವರನ್ನ ಸುಮ್ನೆ ಬಿಡ್ಬೇಡ," ಅಂದ.

ಹೂಂ ಅಂದೆ. ನೋಟಿಸ್ ನನ್ನ ಚೀಲದಲ್ಲೇ ಇದೆ. ಕೆಳಗೆ ನನ್ನ ಸಹಿ ಬಿದ್ದಾಗಿದೆ, ಮೇಲೆ ಹೆಸರಿನ ಜಾಗವೊಂದೇ ಖಾಲಿ.