ತುಕ್ರ ಎಂಬ ಹೆಸರಿನ ಅರ್ಥ

ಜೂನ್ 3, ಮಂಗಳವಾರ

ಇವತ್ತೂ ಹೆಸರುಗಳೇ. ಕೊಚ್ಚಿಯ ಕಂಪೆನಿ, ಮಕ್ಕಳ ಹೆಸರಿನ ಸೈಟ್. ಕನ್ನಡ ವಿಭಾಗದಲ್ಲಿ ಮೂಲ, ಅರ್ಥ ಸರಿಯೇ ಎಂದು ನೋಡುವುದು ನನ್ನ ಕೆಲಸ. ಮುಕ್ಕಾಲು ಪಾಲು ಸುಳ್ಳು. ಗೊತ್ತಿಲ್ಲದ್ದಕ್ಕೆಲ್ಲ ‘ಸಂಸ್ಕೃತ, ದೇವರ ಕೊಡುಗೆ’.

ಸಂಜೆ ಒಂದು ಎಂಟ್ರಿ — ತುಕ್ರ. ‘ಸಂಸ್ಕೃತ, ಧೀರ ರಾಜಕುಮಾರ’. ನನ್ನ ಅಜ್ಜನ ಹೆಸರು! ಬಾಯಾರಿನ ಧಣಿಗಳ ಗದ್ದೆಯಲ್ಲಿ ಬೆನ್ನು ಬಗ್ಗಿಸಿದ ರಾಜಕುಮಾರ. ಅಳಿಸಿ ಬರೆದೆ: ‘ತುಳು. ಶುಕ್ರವಾರ ಹುಟ್ಟಿದವನು. ನಮ್ಮ ಜಾತಿಯವರು ಹುಟ್ಟಿದ ವಾರ ಬಿಟ್ಟು ಬೇರೆ ಹೆಸರಿಟ್ಟುಕೊಳ್ಳುವುದನ್ನು ಧಣಿಗಳು ಸಹಿಸುತ್ತಿರಲಿಲ್ಲ.’

ಸಿಟ್ಟಿನಲ್ಲಿ ಲ್ಯಾಪ್‌ಟಾಪ್ ಮುಚ್ಚಿದೆ.

ಜೂನ್ 6, ಶುಕ್ರವಾರ

ಅಕ್ಕ ಪೂಜಾಶ್ರೀಗೆ ಗಂಡುಮಗು. ಶುಕ್ರವಾರವೇ! ಹಾಗಾದರೆ ತುಕ್ರ. ನಾಚಿಕೆಯಿಂದ ಮುಚ್ಚಿಟ್ಟ ಹೆಸರನ್ನು ತಲೆಯೆತ್ತಿ ಹೇಳಬೇಕು — ಬಂದ್ಯೋಡಿನ ಸಭೆಯಲ್ಲಿ ಕೊಂಡ ದಲಿತ ಚಳವಳಿಯ ಪುಸ್ತಿಕೆಯಲ್ಲಿ ಈ ಸಾಲಿಗೆ ಅಡಿಗೆರೆ ಹಾಕಿದ್ದೇನೆ.

ಜೂನ್ 10

ಅಕ್ಕ ಬಾಣಂತನಕ್ಕೆ ಮನೆಗೆ ಬಂದಳು. ಹೇಳಿದೆ.

“ತುಕ್ರ? ನಿನ್ನ ತಲೆ ಸಮ ಉಂಟಾ? ನೀನು ಯತಿನ್ ಅಂತ ಹೇಳಿಕೊಂಡು ತಿರುಗುವುದು, ಶಾಲೆಯಲ್ಲಿ ಎಲ್ಲರೂ ನಗುವುದು ನನ್ನ ಮಗನಿಗಾ?”

“ನಗುವವರಿಗೆ ನಾಚಿಕೆ ಆಗಬೇಕು.”

“ಹೌದು, ಅವರಿಗೆ ನಾಚಿಕೆ ಆಗುವವರೆಗೆ ಮಗು ಕೂತು ಅಳಲಿ. ನೀನು ಮದುವೆ ಆಗು ಮಾರಾಯ, ನಿನ್ನ ಮಗನಿಗೆ ಇಡು.”

ಅಜ್ಜನನ್ನೇ ಕೇಳುವ ಎಂದೆ. ಅಜ್ಜ ಎಲೆಯಡಿಕೆ ಉಗುಳಿ ಬಂದು ಕೂತರು.

“ನಾನು ಹುಟ್ಟಿದ್ದು ಶನಿವಾರ. ಅಮ್ಮ ಇಟ್ಟದ್ದು ಚನಿಯ ಅಂತ. ಧಣಿಗಳಲ್ಲಿ ದನ ಮೇಯಿಸಲಿಕ್ಕೆ ಹೋದರೆ ಅಲ್ಲಿ ಒಬ್ಬ ಚನಿಯ ಮೊದಲೇ ಇದ್ದ. ಒಬ್ಬನನ್ನು ಕರೆದರೆ ಇಬ್ಬರು ಬರುವುದು ಯಾಕೆ, ನೀನು ತುಕ್ರ ಆಗು ಅಂದರು. ಆದೆ.” ನಕ್ಕರು.

“ಮತ್ತೆ ಎಂತಕ್ಕೆ ಅದನ್ನೇ ಇಟ್ಟುಕೊಂಡಿರಿ ಅಜ್ಜ?”

“ರೇಶನ್ ಕಾರ್ಡಿಗೂ ಅದೇ ಬಂತಲ್ಲ. ನನ್ನದು ನನಗೆ ಸಾಕು. ಮಗುವಿಗೆ ಬೇಡ ಮಗಾ.”

ನಾನು ವೆರಿಫೈ ಮಾಡಿದ್ದೂ ಸುಳ್ಳು.

ಜೂನ್ 12

ಅಜ್ಜ ಹೇಳಿದ್ದನ್ನು ಸೇರಿಸಿ ಕಳಿಸಿದ್ದೆ. ಮೇಲ್ವಿಚಾರಕಿಯ ಮೆಸೇಜ್: ‘ತಂದೆತಾಯಿ ಖುಷಿಯಲ್ಲಿ ನೋಡುವ ಸೈಟ್. ನೆಗೆಟಿವ್ ಬೇಡ.’ ಈಗ ತುಕ್ರ ಸೈಟಿನಲ್ಲಿ ಇಲ್ಲವೇ ಇಲ್ಲ. ನನ್ನದನ್ನೂ, ಹಳೆಯ ರಾಜಕುಮಾರನನ್ನೂ ತೆಗೆದರು.

ಜೂನ್ 22, ಆದಿತ್ಯವಾರ

ತೊಟ್ಟಿಲಿಗೆ ಹಾಕಿದರು. ಹೆಸರು ರಿಯಾಂಕ್. ಅಕ್ಕ ಆರಿಸಿದ್ದು ನಮ್ಮ ಸೈಟಿನಿಂದಲೇ. ‘ಸಂಸ್ಕೃತ, ಚಂದ್ರನ ಮೊದಲ ಕಿರಣ’. ಯಾವ ನಿಘಂಟಿನಲ್ಲೂ ಇಲ್ಲ, ಬೆಳಿಗ್ಗೆಯೇ ಹುಡುಕಿದ್ದೆ. ಯಾರೋ ಕೂತು ಕಟ್ಟಿದ್ದು.

ಅಜ್ಜ ಮಗುವಿನ ಕಿವಿಯಲ್ಲಿ ಹೆಸರು ಹೇಳಬೇಕು. ಬಗ್ಗಿದವರು ಅರ್ಧದಲ್ಲೇ ತಡೆದು ಕೇಳಿದರು.

“ಇದಕ್ಕೆ ಅರ್ಥ ಎಂತ?”

ಎಲ್ಲರೂ ನನ್ನತ್ತ ನೋಡಿದರು. ಅಕ್ಕ ಮಾತ್ರ ನೋಡಲಿಲ್ಲ. ತೊಟ್ಟಿಲ ಹಗ್ಗ ಬಿಗಿಯಾಗಿ ಹಿಡಿದಿದ್ದಳು.

“ಚಂದ್ರನ ಮೊದಲ ಕಿರಣ, ಅಜ್ಜ.”

“ಪುಸ್ತಕದಲ್ಲಿ ಉಂಟಾ?”

“ಉಂಟು.”

ಅಜ್ಜನ ಮುಖ ಅರಳಿತು. ಮೂರು ಸಲ ಹೇಳಿದರು, ಮೂರು ಸಲವೂ ತಪ್ಪು. ಯಾರೂ ನಗಲಿಲ್ಲ.

ಜೂನ್ 25

ಇವತ್ತು ವೆರಿಫೈ ಮಾಡಲು ಬಂದದ್ದರಲ್ಲಿ ರಿಯಾಂಕ್. ನನ್ನ ಪಾಲಿಗೇ. ಸುಳ್ಳು ಎಂದು ಗುರುತು ಹಾಕಿದರೆ ತೆಗೆಯುತ್ತಾರೆ. ಮಗು ನೋಡಲು ಬಂದವರಿಗೆಲ್ಲ ಅಕ್ಕ ಆ ಪುಟವನ್ನೇ ಮೊಬೈಲಿನಲ್ಲಿ ತೆರೆದು ತೋರಿಸುತ್ತಾಳೆ. ಸರಿ ಎಂದು ಹಾಕಿದರೆ…

ಮಧ್ಯಾಹ್ನದಿಂದ ತೆರೆದಿಟ್ಟು ಕೂತಿದ್ದೇನೆ. ಒಳಗೆ ಅಜ್ಜ ತೊಟ್ಟಿಲು ತೂಗುತ್ತ ಮಗುವಿಗೆ ಚಂದ್ರನ ವಿಷಯ ಹೇಳುತ್ತಿದ್ದಾರೆ. ಕರ್ಸರ್ ಮೊದಲ ಖಾನೆಯಲ್ಲಿ ಮಿಟುಕುತ್ತಿದೆ: ಮೂಲ —