ಸಂತ ಫೋಕಾಸರ ಪಾಲು

ಮೆಸಯೀದ್, ಜುಲೈ ೧೯೯೪

ಪೂಜ್ಯ ಫಾದರ್ ಬೊನವೆಂಚರರಿಗೆ ಫೆಲ್ಸಿಯ ವಂದನೆಗಳು.

ಸಂತ ಫೋಕಾಸರು ತಮ್ಮನ್ನು ಕೊಲ್ಲಲು ಬಂದವರಿಗೇ ಊಟ ಬಡಿಸಿ, ತೋಟದಲ್ಲಿ ತಮ್ಮ ಸಮಾಧಿಯನ್ನು ತಾವೇ ತೋಡಿದರೆಂದೂ, ಕಡಲಿಗಿಳಿಯುವವರು ಊಟದಲ್ಲಿ ಅವರಿಗೊಂದು ಪಾಲು ಎತ್ತಿಡುತ್ತಿದ್ದರೆಂದೂ ನೀವೇ ಹೇಳಿದ್ದಿರಿ. ನನ್ನ ಗಂಡ ಸಿರಿಲ್ ಗಲ್ಫಿನ ಈ ಬಂದರಿನಲ್ಲಿ ಹಡಗುಗಳನ್ನೆಳೆಯುವ ಟಗ್ ಬೋಟಿನ ಕೆಲಸದಲ್ಲಿರುವುದರಿಂದ ನಾನೂ ದಿನಾ ಒಂದು ತಟ್ಟೆ ಬಡಿಸಿಡುತ್ತಿದ್ದೆ.

ಸಂತರ ಹಬ್ಬದ ಮಧ್ಯಾಹ್ನ ಅಪರಿಚಿತನೊಬ್ಬ ಬಂದು ಆ ತಟ್ಟೆಯಲ್ಲಿ ಉಂಡ. ಈ ಮರಳೂರಿನಲ್ಲೂ ಅವನ ಕೈತುಂಬ ಹಸಿ ಮಣ್ಣಿತ್ತು. ಉಂಡೆದ್ದವನೇ ಹಿತ್ತಲಲ್ಲಿ ಆಳುದ್ದದ ಗುಂಡಿ ತೋಡಿದ. "ಯಾರಿಗೆ ಇದು?" ಎಂದೆ. "ಖಲಾಸ್" ಎಂದಷ್ಟೇ ಹೇಳಿ ಹೋದ.

ಸಿರಿಲ್ ಅದನ್ನು ಮುಚ್ಚಲು ಬಿಡುತ್ತಿಲ್ಲ. ಈಗ ಮಧ್ಯಾಹ್ನ ಅದರೊಳಗೇ ಮಲಗುತ್ತಾರೆ. "ಎಷ್ಟು ತಂಪುಂಟು ಮಾರಾಯ್ತಿ, ನೀನೂ ಬಾ" ಎನ್ನುತ್ತಾರೆ.

ಭಾನುವಾರದ ಪೂಜೆಯಲ್ಲಿ ಸಿರಿಲರ ಹೆಸರು ಓದಿರಿ, ಫಾದರ್. ತೀರಿಕೊಂಡವರ ಜೊತೆಗಲ್ಲ, ಬದುಕಿರುವವರ ಜೊತೆಗೇ ಓದಿರಿ.

ನಿಮ್ಮ ಆಶೀರ್ವಾದ ಬೇಡುವ,
ಫೆಲ್ಸಿ